ಜಡ ಅನಿಲಕ್ಕೊಂದು ಅಡ್ಡಹೆಸರು

೪ ಮಾರ್ಚ್, ಸೋಮವಾರ

ಮತ್ತೆ ಅದೇ ಸುರಕ್ಷತಾ ತರಗತಿ, ಕ್ಯಾಂಟೀನ್ ಹಿಂದಿನ ಅದೇ ರೂಮು. ಫ್ಯಾನ್ ಹಾಕಿದರೆ ಪ್ರೊಜೆಕ್ಟರ್ ಪರದೆ ಹಾರುತ್ತದೆ, ಆರಿಸಿದರೆ ಜನ ತೂಕಡಿಸುತ್ತಾರೆ. ಹಾರಿದರೆ ಹಾರಲಿ ಅಂತ ಹಾಕಿಸಿದೆ.

ಎಣ್ಣೆ ಟ್ಯಾಂಕುಗಳಿಗೆ ಹೊಸ ಬೋರ್ಡು ಬಂದಿದೆ. ಹಳದಿ ಬಣ್ಣ, ಕಪ್ಪು ಅಕ್ಷರ — 'ಎಚ್ಚರಿಕೆ: ಜಡ ಅನಿಲ'. ಪದ ನಾನೇ ಆರಿಸಿದ್ದು. ಇಂಗ್ಲಿಷಿನವರು ಇನರ್ಟ್ ಅನ್ನುವುದಕ್ಕೆ ನಮ್ಮ ಪಠ್ಯಪುಸ್ತಕದಲ್ಲಿ ಇರುವುದು ಇದೇ. ಟ್ಯಾಂಕ್ ತೊಳೆಯುವ ಗ್ಯಾಂಗಿಗೆ ವಿವರಿಸಿದೆ. ಎಣ್ಣೆಯ ಮೇಲೆ ಮಾಮೂಲಿ ಗಾಳಿ ನಿಂತರೆ ಎಣ್ಣೆ ಕಮಟಾಗುತ್ತದೆ, ಅದಕ್ಕೇ ಆ ಗಾಳಿಯನ್ನು ಓಡಿಸಿ ಸಾರಜನಕ ತುಂಬುತ್ತೇವೆ. ಸಾರಜನಕ ಜಡ. ಅಂದರೆ ಯಾವುದರ ಜೊತೆಗೂ ಕೂಡಿಕೊಳ್ಳುವುದಿಲ್ಲ, ಪ್ರತಿಕ್ರಿಯೆ ತೋರಿಸುವುದಿಲ್ಲ, ತನ್ನ ಪಾಡಿಗೆ ತಾನು ಇರುತ್ತದೆ.

ಹಿಂದಿನ ಬೆಂಚಿನಿಂದ ನನ್ನ ಮೈದುನ. ಅವನ ಬಾಯಿ ಸುಮ್ಮನಿರಬೇಕಲ್ಲ.

"ಅತ್ತಿಗೆ, ಅಂದ್ರೆ ನನ್ನ ಥರ. ಕರೆದ್ರೆ ಓ ಅನ್ನಲ್ಲ, ಎಬ್ಬಿಸಿದ್ರೆ ಏಳಲ್ಲ, ಯಾರಿಗೂ ತೊಂದ್ರೆ ಇಲ್ಲ."

ರೂಮಿಗೆ ರೂಮೇ ನಕ್ಕಿತು. ನಾನೂ ನಕ್ಕೆ. ಇಲ್ಲಿ ಮೇಡಂ ಅನ್ನು ಅಂತ ಎಷ್ಟು ಹೇಳಿದರೂ ಗೋಡೆಗೆ ಹೇಳಿದ ಹಾಗೆ. ಅವನಿಗೂ ಕಾರ್ಖಾನೆಯಲ್ಲಿ ಸ್ವಂತ ಹೆಸರಿಲ್ಲ — ಸೇರಿದಾಗ 'ಮೇಡಂ ಮೈದುನ', ಈಗ ಎಲ್ಲರಿಗೂ ಬರೀ 'ಮೈದುನ'.

ತರಗತಿ ಚೆನ್ನಾಗಿ ಆಯಿತು. ಯಾರೂ ನಿದ್ದೆ ಮಾಡಲಿಲ್ಲ.

೯ ಮಾರ್ಚ್

ಕ್ಯಾಂಟೀನಿನಲ್ಲಿ ಪಕ್ಕದ ಮೇಜು.

"ಎರಡರಲ್ಲಿ ಮೈದುನ ಇದ್ದಾನಾ?"

"ಫುಲ್ ಇದ್ದಾನೆ. ಮೂರರಿಂದ ಬೆಳಿಗ್ಗೆನೇ ಓಡಿಸಿದ್ವಿ."

ನನ್ನ ಮೈದುನ ನೋಡಿದರೆ ಎದುರಿಗೇ ಕೂತು ಬಾಳೆಹಣ್ಣು ಸುಲಿಯುತ್ತಿದ್ದಾನೆ! ಆಮೇಲೆ ಹೊಳೆಯಿತು. ಸಾರಜನಕಕ್ಕೆ ಅವನ ಹೆಸರಿಟ್ಟಿದ್ದಾರೆ. ತಡೆಯಲಾರದೆ ನಕ್ಕುಬಿಟ್ಟೆ. ಮನೆಗೆ ಬಂದು ಹೇಳಿದರೆ ಇವರೂ ಬಿದ್ದು ಬಿದ್ದು ನಕ್ಕರು. "ಅಂತೂ ನನ್ನ ತಮ್ಮನಿಂದ ಒಂದು ಎಣ್ಣೆ ಡಬ್ಬಿನಾದ್ರೂ ಕೆಡದೆ ಉಳಿಯುತ್ತೆ" ಅಂದರು. ಅತ್ತೆಗೆ ಹೇಳಲಿಲ್ಲ. ಕಿರಿ ಮಗನನ್ನು ಯಾರಾದರೂ ಆಡಿಕೊಂಡರೆ ಅವರಿಗೆ ಆಗಿಬರುವುದಿಲ್ಲ.

೧೩ ಮಾರ್ಚ್

ಇವತ್ತು ನಗು ಬರಲಿಲ್ಲ.

ಗ್ಯಾಂಗಿಗೆ ಹೊಸದಾಗಿ ಸೇರಿದ ಒಬ್ಬ, ನಾಲ್ಕು ಮಕ್ಕಳ ತಂದೆ, ಮೊದಲು ಪೇಂಟಿಂಗ್ ಕೆಲಸ ಮಾಡುತ್ತಿದ್ದವನು. ಎರಡನೇ ಟ್ಯಾಂಕಿನ ಮುಚ್ಚಳ ಎತ್ತಿ ಒಳಗೆ ತಲೆ ಹಾಕಲು ಬಗ್ಗುತ್ತಿದ್ದ. ಕೂಗಿದೆ. ಗಾಬರಿಯೇ ಇಲ್ಲ ಅವನಿಗೆ, ನಿಧಾನಕ್ಕೆ ತಲೆ ಎತ್ತಿದ.

"ಮೈದುನ ಒಬ್ಬನೇ ಇರೋದು ಮೇಡಂ. ಪಾಪದವನು, ಏನೂ ಮಾಡಲ್ಲ. ನೀವೇ ಹೇಳಿದ್ರಲ್ಲ?"

ನಾನೇ ಹೇಳಿದ್ದೆ.

ಪದ ತಪ್ಪಲ್ಲ. ಜಡ ಅಂದರೆ ಜಡವೇ. ಎಣ್ಣೆಯ ಮಟ್ಟಿಗೆ ಅದು ಪಾಪದ್ದೇ. ಮನುಷ್ಯನ ಎದೆಯೊಳಗೆ ಹೋದರೂ ಏನೂ ಮಾಡುವುದಿಲ್ಲ, ಸುಮ್ಮನೆ ಜಾಗ ಹಿಡಿದು ಕೂರುತ್ತದೆ. ಉಸಿರು ಇರಬೇಕಾದ ಜಾಗ. ವಾಸನೆಯಿಲ್ಲ, ಕೆಮ್ಮು ಬರುವುದಿಲ್ಲ, ಕಣ್ಣು ಉರಿಯುವುದಿಲ್ಲ... ಉಸಿರು ಕಟ್ಟುತ್ತಿದೆ ಅನ್ನುವುದೂ ಗೊತ್ತಾಗುವುದಿಲ್ಲ. ಎರಡು ಸಲ ಎಳೆದುಕೊಂಡರೆ ಮಂಡಿ ಮಡಚಿಕೊಳ್ಳುತ್ತದೆ. ಇದನ್ನೂ ಹೇಳಿದ್ದೆ, ಅದೇ ತರಗತಿಯಲ್ಲಿ, ನಗು ನಿಂತ ಮೇಲೆ. ಅವರಿಗೆ ನೆನಪಿರುವುದು ನಗು. ಇನ್ನೊಂದು ಮಾತು, ಸಾರ ಅಂತ ಬೇರೆ ಹೆಸರಲ್ಲೇ ಇದೆ. ಟಾನಿಕ್ ಅಂದುಕೊಂಡರೂ ಆಶ್ಚರ್ಯವಿಲ್ಲ.

ಮ್ಯಾನೇಜರ್ ಹತ್ತಿರ ಹೋದೆ. ಬೋರ್ಡು ಬದಲಾಯಿಸೋಣ ಸರ್, 'ಉಸಿರು ನಿಲ್ಲಿಸುವ ಗಾಳಿ' ಅಂತ ಬರೆಸೋಣ.

"ಅಯ್ಯೋ, ದೆವ್ವದ ಸಿನಿಮಾ ಹೆಸರಿದ್ದ ಹಾಗಿದೆಯಲ್ರೀ. ಮುಂದಿನ ವಾರ ಆಡಿಟ್ ಇದೆ. ಅವ್ರಿಗೆ ಪುಸ್ತಕದ ಪದ ಬೇಕು. ಆಮೇಲೆ ನೋಡೋಣ."

ಆಮೇಲೆ ನೋಡೋಣ ಅಂದರೆ ಅವರ ಬಾಯಲ್ಲಿ ಇಲ್ಲ ಅಂತ. ಅದಕ್ಕೆ ಪದಕೋಶ ಬೇಡ.

೧೪ ಮಾರ್ಚ್. ಬೆಳಿಗ್ಗೆ, ಬಸ್ಸಿಗೆ ಮುಂಚೆ

ಮೈದುನನನ್ನು ಅಡುಗೆಮನೆಗೆ ಕರೆದು ಚೆನ್ನಾಗಿ ಬೈದೆ. ನಿನ್ನ ತಮಾಷೆಯಿಂದ ಯಾರದಾದರೂ ತಲೆ ಹೋಗುತ್ತದೆ ಅಂದೆ. ಅವನು ನಿಂತು ಕೇಳಿದ. ಈ ಮನೆಗೆ ನಾನು ಬಂದಾಗ ಕೆಮಿಸ್ಟ್ರಿಯಲ್ಲಿ ಎರಡು ಸಲ ಡುಮ್ಕಿ ಹೊಡೆದಿದ್ದವನು. ಮೂರನೇ ಸಲ ನಾನೇ ಕೂರಿಸಿ ಓದಿಸಿ ಪಾಸು ಮಾಡಿಸಿದ್ದು. ಆಗಲೂ ಹೀಗೇ, ಬೈದಾಗ ಮಾತ್ರ ಮುಖ ಗಂಭೀರ.

"ಎರಡೇ ಉಸಿರಾ ಅತ್ತಿಗೆ?"

"ಎರಡೇ."

"ಗೊತ್ತೂ ಆಗಲ್ವಾ?"

"ಇಲ್ಲ."

"ಸರಿ. ಹೆಸರು ನಂದು, ಜವಾಬ್ದಾರಿನೂ ನಂದೇ. ಹುಡುಗರಿಗೆ ನಾನು ಹೇಳ್ತೀನಿ. ಬೆಲ್ಟ್ ಹಾಕ್ದೆ ಒಬ್ರೂ ಇಳಿಯಲ್ಲ." ಆಮೇಲೆ, ಬಾಗಿಲ ಹತ್ತಿರ ಹೋಗಿ, "ಆದ್ರೆ ಅತ್ತಿಗೆ, ಹೆಸರು ಮಾತ್ರ ಚೆನ್ನಾಗಿದೆ, ಒಪ್ಪಿಕೊಳ್ಳಿ."

ಇವನನ್ನು ಏನು ಮಾಡಲಿ.

೧೮ ಮಾರ್ಚ್

ಹೇಳಿದ್ದಾನೆ. ಎಲ್ಲರ ಸೊಂಟದಲ್ಲೂ ಬೆಲ್ಟ್, ಹಗ್ಗ. ತಾನೇ ಎಲ್ಲರ ಬಕಲ್ ಎಳೆದು ನೋಡುತ್ತಾನಂತೆ, ಶಾಲೆಯ ಪಿ.ಟಿ. ಮೇಷ್ಟ್ರ ಹಾಗೆ. ಹೆಮ್ಮೆಯಾಯಿತು. ಅವನಿಗೆ ಹೇಳಲಿಲ್ಲ, ತಲೆಯ ಮೇಲೆ ಹತ್ತಿ ಕೂರುತ್ತಾನೆ.

ಹೆಸರು ಮಾತ್ರ ಹೋಗಲಿಲ್ಲ. ಮೊದಲೆರಡು ದಿನ ತಿದ್ದಿದೆ — ಸಾರಜನಕ ಅನ್ರಪ್ಪ. ಅವರು ಸಾರಜನಕ ಅಂದು, ತಡವರಿಸಿ, ಕೊನೆಗೆ ಮೈದುನ ಅನ್ನುತ್ತಾರೆ. ಇವತ್ತು ಅವಸರದಲ್ಲಿ ನಾನೇ ಕೇಳಿಬಿಟ್ಟೆ, "ಒಂದನೇ ಟ್ಯಾಂಕಲ್ಲಿ ಮೈದುನ ಇದ್ದಾನಾ?" ಅಂತ. ಕೆಲಸ ಬೇಗ ಆಗುತ್ತದೆ, ಏನು ಮಾಡುವುದು. ಆಡಿಟ್ ಮುಗಿಯಲಿ.

೨೦ ಮಾರ್ಚ್. ಬೆಳಿಗ್ಗೆ

ಇವತ್ತು ಆಡಿಟ್. ಇಸ್ತ್ರಿ ಮಾಡಿದ ಕೋಟು. ಯಾವ ಟ್ಯಾಂಕಲ್ಲಿ ಗ್ಯಾಸ್ ಇದೆ, ಯಾವುದರಲ್ಲಿ ಇಲ್ಲ, ಒಂದೊಂದಾಗಿ ಫೋನ್ ಮಾಡಿ ಹೇಳಿ ಅಂತ ಪಂಪ್‌ಹೌಸಿನವರಿಗೆ ಹೇಳಿಟ್ಟಿದ್ದೇನೆ. ಆಡಿಟರ್ ಕೇಳಿದಾಗ ತಡವರಿಸಬಾರದು. ಮೈದುನ ನನಗಿಂತ ಮುಂಚೆ ಎದ್ದು ಹೋಗಿದ್ದಾನೆ. ಅತ್ತೆಗೆ ನಂಬಿಕೆಯೇ ಬರಲಿಲ್ಲ, ಅವನ ಹಾಸಿಗೆ ಮುಟ್ಟಿ ನೋಡಿದರು.

೨೬ ಮಾರ್ಚ್. ಆಸ್ಪತ್ರೆ

ಬರೆಯಬೇಕು. ಬರೆಯದಿದ್ದರೆ ತಲೆ ಒಡೆಯುತ್ತದೆ.

ಆಡಿಟರ್ ಬೋರ್ಡಿನ ಮುಂದೆಯೇ ನಿಂತಿದ್ದರು. "ಜಡ ಅನ್ನೋ ಪದ ನಿಮ್ಮ ಕೆಲಸಗಾರರಿಗೆ ಅರ್ಥ ಆಗುತ್ತಾ?" ಅಂತ ಕೇಳಿದರು. ಆಗುತ್ತೆ ಸರ್, ಅಂತ ಶುರು ಮಾಡಿದೆ. ಮಧ್ಯೆ ಮಧ್ಯೆ ಫೋನ್ ಬರುತ್ತಿತ್ತು. ಒಂದರಲ್ಲಿ ಮೈದುನ ಇದ್ದಾನೆ ಮೇಡಂ. ಎರಡರಲ್ಲಿ ಇದ್ದಾನೆ. ಮೂರರಲ್ಲಿ ಇಲ್ಲ. ಸರಿ, ಸರಿ ಅಂತ ಇಡುತ್ತಿದ್ದೆ.

ಮತ್ತೆ ಫೋನ್. ಈ ಸಲ ಬೇರೆ ದನಿ — ಪಂಪ್ ಆಪರೇಟರ್, ರಜೆ ಮುಗಿಸಿ ಆವತ್ತೇ ಕೆಲಸಕ್ಕೆ ಬಂದವನು. ಹಿಂದೆ ಪಂಪಿನ ಸದ್ದು.

"ಮೇಡಂ, ನಾಲ್ಕರಲ್ಲಿ ಮೈದುನ ಇದ್ದಾನೆ —"

"ಇರಲಿ ಬಿಡಪ್ಪಾ, ಅವನು ಇರಬೇಕಾದ್ದೇ ಅಲ್ಲಿ. ಯಾರೂ ಒಳಗೆ ಇಳೀಬೇಡಿ."

ಇಟ್ಟೆ. ಮತ್ತೆ ಮಾಡಿದ. ಕಟ್ ಮಾಡಿದೆ. ಆಡಿಟರ್ ಮಾತಾಡುತ್ತಿದ್ದರು. ಮತ್ತೆ ಮಾಡಿದ. ಮತ್ತೆ ಕಟ್ ಮಾಡಿದೆ.

ಅವನಿಗೆ ಗಾಳಿಗಿಟ್ಟ ಹೆಸರು ಗೊತ್ತಿರಲಿಲ್ಲ. ಅವನು ರಜೆಗೆ ಹೋದಾಗ ಮೈದುನ ಅಂದರೆ ಒಬ್ಬನೇ.

ನಾಲ್ಕನೇ ಟ್ಯಾಂಕಿನ ಸಾರಜನಕದ ವಾಲ್ವ್ ಪೂರ್ತಿ ಮುಚ್ಚಿರಲಿಲ್ಲವಂತೆ. ನನ್ನ ಮೈದುನ ಒಳಗಿನ ಗಾಳಿ ಟೆಸ್ಟ್ ಮಾಡಿಯೇ ಇಳಿದಿದ್ದಾನೆ, ಬೆಲ್ಟ್ ಹಾಕಿಯೇ ಇಳಿದಿದ್ದಾನೆ. ಆಮೇಲೆ ಒಳಗೆ ಸೋರಿದೆ. ಮೇಲೆ ಹಗ್ಗ ಹಿಡಿದಿದ್ದವನು ಕೂಗಿದರೆ ಓ ಅನ್ನಲಿಲ್ಲ. ಎಳೆಯಲೋ ಬೇಡವೋ ಅಂತ ಆಪರೇಟರ್ ನನ್ನನ್ನು ಕೇಳಲು ಫೋನ್ ಮಾಡಿದ್ದ. ಮೇಡಂ ಇರಲಿ ಬಿಡು ಅಂದರು ಅಂತ ಹಗ್ಗದವನಿಗೆ ಹೇಳಿದ್ದಾನೆ. ಕೊನೆಗೆ ತಾವೇ ಧೈರ್ಯ ಮಾಡಿ ಎಳೆದಿದ್ದಾರೆ.

ಉಸಿರಿದೆ. ಮೆಷಿನ್ನಿನ ಉಸಿರು.

೨೮ ಮಾರ್ಚ್

ಡಾಕ್ಟರ್ ಅವನ ಕಣ್ಣಿಗೆ ಚಿಕ್ಕ ಟಾರ್ಚ್ ಬಿಟ್ಟು ನೋಡಿದರು. ಉಗುರಿನ ಮೇಲೆ ಪೆನ್ನು ಒತ್ತಿದರು. ನಮ್ಮ ಕಡೆ ತಿರುಗಿ, "ಪ್ರತಿಕ್ರಿಯೆ ಇಲ್ಲ" ಅಂದರು.

ಹೊರಗೆ ಬಂದುಬಿಟ್ಟೆ. ಎಷ್ಟು ವರ್ಷ ಎಷ್ಟು ಜನಕ್ಕೆ ಹೇಳಿದ ಮಾತು ಅದು.

ಮೆದುಳಿಗೆ ಎಷ್ಟು ಹೊತ್ತು ಆಮ್ಲಜನಕ ಹೋಗಿಲ್ಲ ಅನ್ನುವುದು ಗೊತ್ತಾದರೆ ಅನುಕೂಲ ಅಂತ ಡಾಕ್ಟರ್ ಇವರನ್ನು ಕೇಳಿದರು. ಇವರು ನನ್ನನ್ನು ನೋಡಿದರು. ಗೊತ್ತಿಲ್ಲ ಅಂದೆ.

ಸುಳ್ಳು. ಆ ಹೊತ್ತು ನನ್ನ ಫೋನಿನಲ್ಲಿದೆ, ಕರೆ ಕರೆಯಾಗಿ. ನೋಡಲು ಧೈರ್ಯವಿಲ್ಲ.

೨೯ ಮಾರ್ಚ್

ಬೆಳಿಗ್ಗೆ ಎದ್ದವಳೇ ಫೋನ್ ತೆಗೆದು ನೋಡಿದೆ. ಹೋಗಿ ಡಾಕ್ಟರಿಗೆ ಹೇಳಿದೆ, ಹೊತ್ತು ಮಾತ್ರ. ಅವರು ಬರೆದುಕೊಂಡರು, ಹೇಗೆ ಗೊತ್ತು ಅಂತ ಕೇಳಲಿಲ್ಲ. ಕೇಳಿದ್ದರೆ ಹೇಳುತ್ತಿದ್ದೆನೇನೋ.

ಮಧ್ಯಾಹ್ನ ಮ್ಯಾನೇಜರ್ ಬಂದರು, ಹಣ್ಣಿನ ಬುಟ್ಟಿಯ ಜೊತೆ. ಇವರ ಎದುರಿಗೆ, ಅತ್ತೆಯ ಎದುರಿಗೆ — "ನಿಮ್ಮ ಸೊಸೆ ಇಲ್ದಿದ್ರೆ ಇನ್ನೂ ಇಬ್ರು ಹೋಗ್ತಿದ್ರಮ್ಮ. ಅಂಥಾ ಹೊತ್ತಲ್ಲೂ, ಸ್ವಂತ ಮೈದುನ ಒಳಗಿದ್ದಾನೆ ಅಂತ ಗೊತ್ತಿದ್ರೂ, ಯಾರೂ ಇಳೀಬೇಡಿ ಅಂದ್ರು. ಎಂಥಾ ಗಟ್ಟಿ ಮನಸ್ಸು!"

ಅತ್ತೆ ನನ್ನ ಕೈ ಹಿಡಿದುಕೊಂಡು ಅತ್ತರು. ಇವರು ಬೆನ್ನು ಸವರಿದರು. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

ಬೋರ್ಡು ಬದಲಾಯಿಸಲು ಹೇಳಿದ್ದಾರಂತೆ. ನಾನು ಹೇಳಿದ ಪದವೇ.

೧ ಏಪ್ರಿಲ್

ಪಂಪ್ ಆಪರೇಟರ್ ಬಂದಿದ್ದ. ಕಾರಿಡಾರಿನ ತುದಿಯಲ್ಲಿ, ಚಪ್ಪಲಿ ಕೈಯಲ್ಲಿ ಹಿಡಿದು ನಿಂತಿದ್ದ, ಯಾಕೋ. ಹತ್ತಿರ ಹೋದೆ.

"ಮೇಡಂ, ಒಂದು ಕೇಳ್ಲಾ? ಇರಲಿ ಬಿಡು ಅಂತ ಯಾಕಂದ್ರಿ? ಅವನು ಇರಬೇಕಾದ್ದೇ ಅಲ್ಲಿ ಅಂದ್ರಿ. ಮನೇಲಿ ಏನಾದ್ರೂ... ಜಗಳ..."

ಇಷ್ಟು ದಿನ ಅವನು ನನ್ನ ಬಗ್ಗೆ ಏನು ತಿಳಿದುಕೊಂಡು ಓಡಾಡಿದ್ದಾನೆ! ಎಲ್ಲ ಹೇಳಿದೆ. ತರಗತಿ, ತಮಾಷೆ, ಹೆಸರು. ಬಾಯಿ ಬಿಟ್ಟುಕೊಂಡು ಕೇಳಿದ.

"ಗಾಳಿಗಾ?" ಅಂದ. "ಗಾಳಿಗೆ ಮೈದುನ ಅಂತೀರಾ?"

ಹೋಗುವಾಗ ಅಂದ, "ಆವತ್ತು ಹಗ್ಗದವನಿಗೆ ಅಂದಿದ್ದು ಬಿಟ್ರೆ ನಾನು ಯಾರಿಗೂ ಹೇಳಿಲ್ಲ ಮೇಡಂ. ಹೇಳೋದೂ ಇಲ್ಲ." ಉಪಕಾರ ಮಾಡಿದೆ ಅಂದುಕೊಂಡಿದ್ದಾನೆ. ಇನ್ನು ಹೇಳುವುದು ಪೂರ್ತಿ ನನ್ನ ತಲೆಯ ಮೇಲೆಯೇ ಬಂತು.

೫ ಏಪ್ರಿಲ್

ಮೆಷಿನ್ ತೆಗೆದರು. ತಾನೇ ಉಸಿರಾಡುತ್ತಿದ್ದಾನೆ! ಕಣ್ಣು ಬಿಡುತ್ತಾನೆ, ಆದರೆ ಯಾವುದನ್ನೂ ನೋಡುವುದಿಲ್ಲ. ಅತ್ತೆ ಕೂಗಿದಾಗ ಮಾತ್ರ ಮುಖ ಒಂದಿಷ್ಟು ಆ ಕಡೆ ತಿರುಗಿತು. ಡಾಕ್ಟರ್ ಮತ್ತೆ ಕೂಗಿಸಿದರು. ಮತ್ತೆ ತಿರುಗಿತು. ಒಳ್ಳೆಯದೇ, ಆದರೆ ಎಷ್ಟು ವಾಪಸ್ ಬರುತ್ತಾನೆ ಹೇಳಲಾಗುವುದಿಲ್ಲ ಅಂದರು.

ನಾನೂ ಕೂಗಿ ನೋಡಿದೆ. ನನ್ನ ದನಿಗೆ ತಿರುಗಲಿಲ್ಲ.

೭ ಏಪ್ರಿಲ್, ಭಾನುವಾರ. ಬೆಳಿಗ್ಗೆ

ಇವರು ಔಷಧಿ ತರಲು ಹೋಗಿದ್ದಾರೆ. ಕಾರಿಡಾರಿನಲ್ಲಿ ನಾನು, ಅತ್ತೆ. ಅವರು ಮತ್ತೆ ಅದೇ ಮಾತು ತೆಗೆದರು — ನಿನ್ನಂಥ ಸೊಸೆ, ನಿನ್ನಂಥ ಗಟ್ಟಿ ಮನಸ್ಸು. ಇನ್ನು ಕೇಳಲು ಆಗಲಿಲ್ಲ.

ಹೇಳಿದೆ. ಫೋನ್ ಬಂದದ್ದು, ನಾನು ಅಂದದ್ದು, ಕಟ್ ಮಾಡಿದ್ದು. ನನಗೆ ಗೊತ್ತಿರಲಿಲ್ಲ ಅತ್ತೆ, ಅವನು ಹೇಳಿದ್ದು ಗ್ಯಾಸ್ ವಿಷಯ ಅಂದುಕೊಂಡೆ ಅಂದೆ. ಅತ್ತೆ ಅಳಲಿಲ್ಲ, ಬೈಯಲಿಲ್ಲ. ಅರ್ಥವಾಗದವರ ಹಾಗೆ ಮುಖ ಮುಂದೆ ತಂದರು.

"ಅವನು ಏನಂದ? ಸರಿಯಾಗಿ ಹೇಳು."

"ಮೈದುನ ಇದ್ದಾನೆ ಅಂದ."

"ಮತ್ತೆ? ಮೈದುನ ಅಂದ್ರೆ ಮೈದುನ ತಾನೇ? ಅದಕ್ಕೆ ಬೇರೆ ಅರ್ಥ ಎಲ್ಲಿಂದ ಬಂತೇ?"

ಪಕ್ಕದ ಕುರ್ಚಿಯಲ್ಲೇ ಇದ್ದಾರೆ. ಉತ್ತರಕ್ಕೆ ಕಾಯುತ್ತಿದ್ದಾರೆ. ಅವರ ಮುಖ ನೋಡಲಾರದೆ ಇದನ್ನು ತೆಗೆದು ಬರೆಯುತ್ತಾ ಕೂತಿದ್ದೇನೆ. ನನ್ನ ಮೊಣಕೈ ಮುಟ್ಟಿದರು. ಅತ್ತೆ, ಅದು...