ಕೌದಿಯವರ ಮುಂದೆ ಓದಿದ ಪ್ರಬಂಧ

ಗಜೇಂದ್ರಗಡದ ಕಲಿಕಟ್ಟೆ
ಫೆಬ್ರವರಿ ಮೂವತ್ತು, ೨೧೪೧

ಪ್ರಾಧ್ಯಾಪಕರಿಗೆ ಹುಲಿಗೆವ್ವನ ನಮಸ್ಕಾರಗಳು.

ತಾರೀಖು ನೋಡಿ ನಗಬೇಡಿ. ನಮ್ಮ ಕಾಲದಲ್ಲಿ ಫೆಬ್ರವರಿಗೂ ಮೂವತ್ತು ದಿನ ಕೊಟ್ಟಿದ್ದಾರೆ. ಪಾಪ, ಅದೊಂದೇ ತಿಂಗಳು ಎಷ್ಟು ಕಾಲ ಅರೆಹೊಟ್ಟೆಯಲ್ಲಿರಬೇಕು? ನನ್ನ ಮಾತು ಅಲ್ಲಲ್ಲಿ ವಿಚಿತ್ರವಾಗಿ ಕೇಳಿಸಿದರೆ ಕ್ಷಮಿಸಿ. ನೂರು ವರ್ಷಕ್ಕೂ ಹಿಂದಿನ ನಿಮ್ಮ ಕಾಲದ ಕನ್ನಡವನ್ನು ನಾನು ಕಲಿತದ್ದು ನಿಮ್ಮವರ ಪಿಎಚ್.ಡಿ. ಪ್ರಬಂಧಗಳಿಂದ. ಅದರಿಂದ ಭಾಷೆಗೆ ಆಗುವ ಹಾನಿ ನಿಮಗೇ ಗೊತ್ತು.

ಕಲಿಕಟ್ಟೆ ಎಂದರೆ ನಿಮ್ಮ ವಿಶ್ವವಿದ್ಯಾಲಯದ ಮೊಮ್ಮಗಳು. ಬೆಳಿಗ್ಗೆ ಏಳಕ್ಕೆ ಪಾಠ, ಹತ್ತಕ್ಕೆ ರೊಟ್ಟಿ, ಆಮೇಲೆ ಸಂಜೆಯವರೆಗೂ ಜಗಳ. ವಿಭಾಗಗಳಿಲ್ಲ. ಹಳೆಯ ಸೀರೆಗಳ ತುಂಡುಗಳನ್ನು ಪದರ ಪದರವಾಗಿ ಹೊಲಿದ ನಮ್ಮ ಕೌದಿಯನ್ನು ನಿಮ್ಮಲ್ಲಿ ಜಾನಪದದವರು ಒಂದು ಕಡೆ, ಸಮಾಜಶಾಸ್ತ್ರದವರು ಇನ್ನೊಂದು ಕಡೆ ಹಿಡಿದು ಎಳೆಯುತ್ತಿದ್ದರಂತೆ. ಹೊಲಿದವಳು ಯಾರ ವಿಭಾಗದಲ್ಲೂ ಇರಲಿಲ್ಲ. ನಮ್ಮಲ್ಲಿ ಅವಳೇ ಪರೀಕ್ಷಕಿ. ಜನರ ಬಗ್ಗೆ ಬರೆದ ಪ್ರಬಂಧವನ್ನು ಆ ಜನರ ಓಣಿಯಲ್ಲಿ, ಅವರ ಎದುರು, ಮೊದಲಿಂದ ಕೊನೆಯವರೆಗೆ ಗಟ್ಟಿಯಾಗಿ ಓದಬೇಕು. ಇದಕ್ಕೆ ಎದುರೋದು ಎನ್ನುತ್ತೇವೆ. ಕೇಳುವವರು ಕಟ್ಟೆಯ ಮೇಲೆ, ಓದುವವಳು ಕೆಳಗೆ. ಅವರು ಒಪ್ಪದಿದ್ದರೆ ಪದವಿಯಿಲ್ಲ, ಪದವಿಯಿಲ್ಲದೆ ಪಾಠ ಹೇಳುವ ಹಾಗಿಲ್ಲ. ಎಲ್ಲರಿಗೂ ಚಹಾ ಮಾಡುವುದು ಮಾರ್ಗದರ್ಶಕರ ಕೆಲಸ. ನನ್ನ ಮಾರ್ಗದರ್ಶಕರು ಮಾರ್ಗ ತೋರಿಸಿದ್ದಕ್ಕಿಂತ ಚಹಾ ಮಾಡಿದ್ದೇ ಚೆನ್ನಾಗಿತ್ತು.

ಪಾಠ ಹೇಳುವುದು ನನ್ನ ಚಿಕ್ಕಂದಿನ ಆಸೆ. ಕೌದಿ ಹೊಲಿಯುವವರ ಮನೆಯಲ್ಲೇ ಹುಟ್ಟಿದವಳು, ನನಗೆ ಎದುರೋದಿನ ಭಯವೇನು ಎಂದು ಬೀಗಿದ್ದೆ. ಹೊರಗಿನವರಾದರೆ ನೂರು ಸಲ ಕೇಳಿ ಬರೆಯುತ್ತಾರೆ. ನಾನು ನಾನೂರು ಪುಟ ಬರೆದೆ, ಒಬ್ಬರನ್ನೂ ಕೇಳಲಿಲ್ಲ. ಕೌದಿ ಮುಗಿಯುವಾಗ ಕೊನೆಯ ಮೂಲೆಯಲ್ಲಿ ರೊಟ್ಟಿಯ ಚೂರನ್ನಿಟ್ಟು ಹೊಲಿಯುವುದು ನಮ್ಮ ಓಣಿಯ ರೂಢಿ. ಅದು ‘ನಮ್ಮ ಸಮುದಾಯದ ಹಸಿವಿನ ನೆನಪು’ ಎಂದು ಓದುತ್ತಿದ್ದಂತೆ ನನ್ನ ಸೋದರತ್ತೆ ತಿಪ್ಪವ್ವ ಕೈ ಎತ್ತಿದಳು.

“ನಿಲ್ಲಸವಾ. ಯಾರ ನೆನಪು ಅದು? ನನ್ನ ಕೇಳಿದೇನು?”

ಕೇಳಿರಲಿಲ್ಲ ಎಂದೆ.

“ಹೊದ್ಕೊಂಡವ್ರು ಉಂಡು ಮಲಗಲಿ ಅಂತ ಇಡತೀನಿ ನಾ. ಹಸಿವಿ ಮಾತು ಎಲ್ಲಿಂದ ತಂದಿ?”

ಅವಳ ಪಕ್ಕದ ಚೆನ್ನವ್ವನೂ ಸುಮ್ಮನಿರಲಿಲ್ಲ. “ನಾ ಅಂತೂ ಇಡೂದಿಲ್ಲ ಬೇ. ಇಲಿ ಕಡೀತಾವ.”

ಓಣಿಯೆಲ್ಲ ನಕ್ಕಿತು. ನಾನು ಅತ್ತುಬಿಟ್ಟೆ. ನನ್ನ ಪ್ರಬಂಧ ಅಲ್ಲಿಗೇ ಬಿದ್ದುಹೋಯಿತು.

ಅದಾದ ಮೇಲೆ ಎರಡು ವರ್ಷ ಸೂಜಿ ಹಿಡಿದು ಹನ್ನೊಂದು ಹೆಂಗಸರ ಜೊತೆ ಕೂತೆ. ಆ ರೊಟ್ಟಿಯ ಬಗ್ಗೆ ಹನ್ನೊಂದು ಕಾರಣ ಹೇಳಿದರು. ಹನ್ನೊಂದನ್ನೂ, ಹೇಳಿದವಳ ಹೆಸರಿನ ಸಮೇತ, ಬರೆದೆ. ನಾನೂ ಆ ಮನೆಯವಳೇ ಎಂಬುದು ಸುಳ್ಳಾಗಲಿಲ್ಲ, ಆದರೆ ಆ ಒಂದು ಮಾತಿನಿಂದ ಅವರೆಲ್ಲರ ಮಾತು ನನ್ನದಾಗುವುದಿಲ್ಲ ಎಂದು ತಿಳಿಯಲು ನನ್ನ ಬೆರಳುಗಳೆಲ್ಲ ತೂತಾಗಬೇಕಾಯಿತು.

ಎರಡನೆಯ ಎದುರೋದು ಮೂರು ದಿನ ನಡೆಯಿತು. ಹೆಂಗಸರು ತಮ್ಮತಮ್ಮಲ್ಲೇ ಜಗಳವಾಡಿದರು, ತಮ್ಮ ಹೆಸರು ಬಂದಲ್ಲಿ ಸೆರಗು ಸರಿಮಾಡಿಕೊಂಡರು, ಎರಡು ಕಡೆ ತಿದ್ದಿಸಿದರು. ಕೊನೆಗೆ ಅವರ ಸರದಿ. ನಾವು ಯಾರನ್ನು ಓದುತ್ತೇವೋ ಅವರೂ ನಮ್ಮನ್ನು ಓದಿ ಬರೆಯಬೇಕೆಂಬುದು ನಿಯಮ. ತಿಪ್ಪವ್ವ ಎದ್ದು ನಿಂತು, ಚೀಟಿ ಬಿಡಿಸಿ ಓದಿದಳು.

“ಹುಲಿಗೆವ್ವ. ಹೊಲಗಿ ದೊಡ್ಡದು, ಬಾಯಿ ಅದಕ್ಕಿಂತ ದೊಡ್ಡದು. ಈಗೀಗ ಕೇಳೂದು ಕಲತಾಳ. ಪಾಠ ಹೇಳಲಿ.”

ಅಷ್ಟು ಸಂತೋಷ ನನಗೆ ಅದಕ್ಕಿಂತ ಮೊದಲು ಆಗಿರಲಿಲ್ಲ, ಆಮೇಲೂ ಆಗಿಲ್ಲ. ನಾವು ಗೆದ್ದಿದ್ದೇವೆ, ಪ್ರಾಧ್ಯಾಪಕರೇ! ಈಗ ನನ್ನ ತರಗತಿಯಲ್ಲಿ ಅರವತ್ತು ವಿದ್ಯಾರ್ಥಿಗಳು. ವರ್ಷದ ಮೊದಲ ಪಾಠ ತಿಪ್ಪವ್ವನದು. ಚೆನ್ನವ್ವ ಪಕ್ಕದ ಕುರ್ಚಿಯಲ್ಲಿ ಕೂತು ಅದನ್ನು ಖಂಡಿಸುತ್ತಾಳೆ. ಕಲ್ಲು ಒಡೆಯುವವರ ಮಗಳು, ಡಾಕ್ಟರರ ಮಗ, ಯಾರೂ ತಮ್ಮ ಮನೆಯನ್ನು ಬಾಗಿಲಾಚೆ ಬಿಟ್ಟು ಒಳಗೆ ಬರಬೇಕಾಗಿಲ್ಲ.

ಇಷ್ಟೆಲ್ಲ ಜಂಬ ಕೊಚ್ಚಿಕೊಂಡ ಮೇಲೆ ಒಂದು ಬೇಡಿಕೆ. ನಿಮ್ಮ ವಿದ್ಯಾರ್ಥಿನಿಯೊಬ್ಬಳು ಮೊನ್ನೆ, ಅಂದರೆ ನಿಮ್ಮ ಕಾಲದ ಮೊನ್ನೆ, ನಮ್ಮ ಓಣಿಗೆ ಬಂದು, ಸಾಂತವ್ವ ಎಂಬವಳ ಜೊತೆ ನಾಲ್ಕು ದಿನ ಕೂತು ಬರೆದುಕೊಂಡು ಹೋಗಿದ್ದಾಳೆ. ಪುಸ್ತಕವಾದ ಮೇಲೆ ಬಂದು ಓದಿ ಹೇಳುತ್ತೇನೆ ಎಂದಿದ್ದಾಳೆ. ಸಾಂತವ್ವ ನನ್ನ ಮುತ್ತಜ್ಜಿಯ ಅಜ್ಜಿ. ಅವಳಿಗೆ ಓದಲು ಬರುತ್ತಿರಲಿಲ್ಲ. ಆ ಹುಡುಗಿ ಮತ್ತೆ ಬರಲಿಲ್ಲ. ತನ್ನ ಬಗ್ಗೆ ಏನು ಬರೆದಿದೆ ಎಂದು ತಿಳಿಯದೆಯೇ ಸಾಂತವ್ವ ತೀರಿಹೋದಳು. ಅವಳ ಮಗಳು ಆ ಸಿಟ್ಟಿನಲ್ಲಿ ಬರೆದವರನ್ನೆಲ್ಲ ಓಣಿಗೆ ಕರೆಸಿ ಓದಿಸತೊಡಗಿದಳು. ಎದುರೋದು ಹುಟ್ಟಿದ್ದು ಹಾಗೆ ಎಂಬುದು ನಮ್ಮ ಮನೆತನದ ಹೆಮ್ಮೆ.

ಆ ಹೆಮ್ಮೆ ನನಗೆ ಬೇಡ. ಎದುರೋದನ್ನು ಬೇರೆ ಯಾರಾದರೂ ಶುರುಮಾಡಿಯಾರು. ನೀವು ಆ ಹುಡುಗಿಯನ್ನು ವಾಪಸು ಕಳಿಸಿ. ಮಧ್ಯಾಹ್ನದ ಬಸ್ಸಿಗೆ ಬಂದರೆ ಸಾಂತವ್ವ ಮನೆಯಲ್ಲೇ ಇರುತ್ತಾಳೆ.