ಉಡಿಯ ಅವರೆ

ಕರಜಗಿ,
1 ಡಿಸೆಂಬರ್ 2024, ರವಿವಾರ

ಒಂದು ಕಣ್ಣಿಗೆ ಪಟ್ಟಿ ಕಟ್ಟಿಸಿಕೊಂಡು, ಇನ್ನೊಂದರಿಂದಲೇ ಮಗಳ ಇಡೀ ಮನೆಯನ್ನು ಕಾಯುತ್ತಿರುವ ಅತ್ತೆಯವರಿಗೆ, ಸೊಸೆ ನೀಲಗಂಗಾ ಕಾಲಿಗೆ ಬಿದ್ದು ಬರೆಯುವುದು.

ಫೋನಿರುವಾಗ ಕಾಗದ ಯಾಕೆ ಎನ್ನುತ್ತೀರಿ. ಸಾರಿಕಕ್ಕ ನಿಮ್ಮ ಫೋನನ್ನು ಸ್ಪೀಕರಿಗೆ ಹಾಕುತ್ತಾರೆ. ನಾನು ಇಲ್ಲಿ ಕೆಮ್ಮಿದರೂ ಸೊಲ್ಲಾಪುರದ ಅರ್ಧ ಗಲ್ಲಿಗೆ ಗೊತ್ತಾಗುತ್ತದೆ. ಸಾರಿಕಕ್ಕ ಕಲಿತದ್ದೂ ಮರಾಠಿ ಶಾಲೆಯಲ್ಲಿ, ಆ ಮನೆಯಲ್ಲಿ ಕನ್ನಡ ಓದಬಲ್ಲವರು ನೀವೊಬ್ಬರೇ. ಇದಕ್ಕಿಂತ ಗಟ್ಟಿ ಬೀಗ ನನ್ನ ತವರಿನ ನವಿ ಪೇಠೆಯ ಅಂಗಡಿಗಳಲ್ಲೂ ಸಿಗದು. ನಿಮ್ಮ ಮಗನ ಕೈಲಿ ರೊಟ್ಟಿಗೆಂದು ಕುಟ್ಟಿದ ಶೇಂಗಾ ಹಿಂಡಿಯ ಡಬ್ಬಿಯ ಜೊತೆ ಕಳಿಸಿದ್ದೇನೆ. ಡಾಕ್ಟರ್ ಓದಬಹುದು ಅಂದ ಮೇಲೆಯೇ ಓದಿ. ಅದಕ್ಕೂ ಮೊದಲು ಓದಿ ಕಣ್ಣಲ್ಲಿ ನೀರು ಬಂದರೆ ಆ ಅಪವಾದವೂ ನನ್ನ ತಲೆಗೇ.

ವಿಷಯ ನಿಮ್ಮ ಅವರೆಯದು.

ದಿನಾ ನೀವು "ಅವರಿ ಹೆಂಗೈತಿ ನೀಲಾ" ಅಂತ ಕೇಳಿದಾಗ "ಹೂ ತುಂಬ್ಯಾವ್ರಿ" ಅಂದೆ. ಪೂರ್ತಿ ಸುಳ್ಳಲ್ಲ. ಹೂ ತುಂಬಿದ್ದವು, ಹೂವಿನ ತುಂಬ ಹುಳ ತುಂಬಿದ್ದವು. ಎರಡನೆಯ ಮಾತನ್ನು ನಾನು ನುಂಗಿದೆ, ಹೂವನ್ನು ಹುಳ ನುಂಗಿದವು.

ಹೋಗುವಾಗ ನೀವು, ದಿನಾ ನಸುಕಿನಲ್ಲಿ ಹೂಗೊಂಚಲು ಬಿಡಿಸಿ ನೋಡು ಅಂದಿದ್ದಿರಿ. ನಾನು ಬಿ.ಎ. ಓದಿದವಳು, ಬಗ್ಗುವುದು ಯಾಕೆ? ಇವರು ತೊಗರಿಗೆಂದು ತಂದಿದ್ದ ಪತಂಗದ ಬಲೆಗಳಲ್ಲಿ ಎರಡನ್ನು ಅವರೆ ಸಾಲಿನಲ್ಲಿ ನೆಟ್ಟೆ. ಅದರಲ್ಲಿ ಹೆಣ್ಣು ಪತಂಗದ ವಾಸನೆಯ ಗುಳಿಗೆ ಇರುತ್ತದೆ. ಗಂಡು ಆ ವಾಸನೆ ಹಿಡಿದು ಬಂದು ಚೀಲಕ್ಕೆ ಬೀಳುತ್ತದೆ. ಹನ್ನೆರಡು ದಿನ ನೋಡಿದೆ, ಚೀಲ ಖಾಲಿ. ಹುಳವೇ ಇಲ್ಲವೆಂದು ಹಿಗ್ಗಿದೆ. ಆದರೆ ಆ ಗುಳಿಗೆ ತೊಗರಿಯ ಪತಂಗದ್ದು. ಅವರೆಯ ಪತಂಗ ಬೇರೆ ಜಾತಿ. ಪರಜಾತಿಯ ಹೆಣ್ಣೆಂದು ತಿರುಗಿಯೂ ನೋಡಲಿಲ್ಲ. ನಮ್ಮ ಬೀಗರಿಗಿಂತ ಕಟ್ಟುನಿಟ್ಟು.

ಅದು ನನ್ನ ಕಣ್ಣಿಗೆ ಬೀಳಲಿಲ್ಲ ಎಂದಲ್ಲ. ಸಂಜೆ ಅಡುಗೆಮನೆಯ ದೀಪದ ಪಕ್ಕ ಬಂದು ಕೂರುತ್ತಿತ್ತು. ಕಂದು ರೆಕ್ಕೆ, ರೆಕ್ಕೆಯಲ್ಲಿ ಗಾಜು ಕೂರಿಸಿದಂಥ ಬಿಳಿ ಕಿಟಕಿ. ಚಂದ ಕಂಡಿತೆಂದು ಫೋಟೋ ತೆಗೆದು ಸ್ಟೇಟಸ್ಸಿಗೆ ಹಾಕಿದೆ. ಅದನ್ನು ನೋಡಿದ ಪಕ್ಕದ ಹೊಲದ ಚಂದ್ರಭಾಗಾ ಕಾಕು ನೆಟ್ಟಗೆ ನಮ್ಮ ಸಾಲಿಗೆ ಹೋಗಿ, ಒಂದು ಗೊಂಚಲು ಕಿತ್ತು ತಂದು ನನ್ನ ಅಂಗೈಯಲ್ಲೇ ಬಿಡಿಸಿದರು. ಒಳಗೆಲ್ಲ ಜೇಡನ ನೂಲಿನಂಥ ಬಲೆ, ನಡುವೆ ಕರಿ ಚುಕ್ಕೆಯ ಹುಳ. "ಅವ್ವನ ಫೋಟೋ ಹಾಕೀದಿ, ಮಕ್ಕಳದೂ ಹಾಕವಾ" ಅಂದರು.

ಆಮೇಲೆ ಮೂರು ದಿನ ಹಳೆಯ ಚಾದರ ಹಾಸಿ ಹುಳ ಆರಿಸಿದೆವು. ನಿಮ್ಮ ಅವರೆಯನ್ನು ನಮ್ಮ ಅವರೇ ಉಳಿಸಿಯಾರು ಎಂದುಕೊಂಡೆ. ಇವರು ಔಷಧವನ್ನೂ ಹೊಡೆದರು. ಕಾಯಿಯೊಳಗೆ ಹೊಕ್ಕ ಹುಳಕ್ಕೆ ಅದು ತಾಗಲಿಲ್ಲ. ಈಗ ಸಾಲಿನಲ್ಲಿ ಬಳ್ಳಿ ಇದೆ, ಬೀಜವಿಲ್ಲ.

ಮಾಘದಲ್ಲಿ ಸಾರಿಕಕ್ಕನ ಮಗಳು ಸೋನಾಲಿಯ ಮದುವೆ. ಉಡಿ ತುಂಬುವಾಗ ಮೊಮ್ಮಗಳ ಮಡಿಲಿಗೆ ಈ ಕಾಳೇ ಬೀಳಬೇಕೆಂದು, ಬೀಜದ ಗಡಿಗೆಯ ತಳ ಒರೆಸಿ ಎಲ್ಲವನ್ನೂ ಬಿತ್ತಿಸಿದ್ದಿರಿ. ನಿಮ್ಮ ಅವ್ವ ನಿಮ್ಮ ಉಡಿಗೆ ಹಾಕಿದ ಬೀಜ ಅದು. ನಿಮ್ಮ ತವರೂರಲ್ಲಿ ಈಗ ಕಬ್ಬು ಬಿಟ್ಟರೆ ಬೇರೇನೂ ಇಲ್ಲ. ಇದನ್ನು ಬರೆಯುವಾಗ ನನಗೆ ಯಾವ ಚೇಷ್ಟೆಯೂ ಹೊಳೆಯುತ್ತಿಲ್ಲ.

ನಿನ್ನೆ ನನ್ನ ದನಿಯಲ್ಲೇ ನೀವು ಹಿಡಿದುಬಿಟ್ಟಿರಿ. "ಕೀಡಿ ಬಿತ್ತೇನ? ಹೋಗ್ಲಿ ಬಿಡು. ನಿನ್ನ ಉಡ್ಯಾಗ ಹಾಕಿದ್ದು ನಿಮ್ಮವ್ವನ ಹತ್ರ ಐತಲ್ಲ. ಅದಕ್ಕ ಬೀಜ ಎರಡು ಮನ್ಯಾಗ ಇಡೋದು" ಅಂದು ನಕ್ಕಿರಿ. ನಾನು "ಹೂಂರಿ" ಅಂದೆ.

ಈ ವಾರ ನವಿ ಪೇಠೆಗೆ ಹೋಗಿ ಅವ್ವನ ಹತ್ತಿರ ಕೇಳಿ ತರುತ್ತೇನೆ. ಕಣ್ಣು ಜೋಪಾನ.

ನಿಮ್ಮ ಮನೆ ಸೇರಿದ ಅಂಗಡಿಯವರ ಮಗಳು,
ನೀಲಗಂಗಾ

ತಾ.ಕ.: ನವಿ ಪೇಠೆಗೆ ಹೋಗುವುದಿಲ್ಲ, ಅತ್ತಿ. ಅಲ್ಲಿ ಏನೂ ಇಲ್ಲ. ಏಳು ವರ್ಷದ ಹಿಂದೆ, ಮದುವೆಯಾಗಿ ಮೊದಲ ಸಲ ತವರಿಗೆ ಹೊರಟಾಗ ನೀವು ನನ್ನ ಉಡಿಯಲ್ಲಿ ಅಕ್ಕಿ, ಕೊಬ್ಬರಿ ಬಟ್ಟಲಿನ ಜೊತೆ ಒಂದು ಹಿಡಿ ಅವರೆ ಹಾಕಿದಿರಿ. ಬೀಜಕ್ಕೆ ಎಂದು ನೀವು ಹೇಳಲಿಲ್ಲ. ಹೊಲದ ಮಂದಿಗೆ ಹೇಳಬೇಕಾಗಿಲ್ಲ. ನಾವು ಅಂಗಡಿ ಮಂದಿ, ಕಾಳೆಂದರೆ ಅಡುಗೆ. ಅವ್ವ ಅಂದೇ ಬಳ್ಳೊಳ್ಳಿ ಹಾಕಿ ಉಸಳಿ ಮಾಡಿದಳು. ರುಚಿಯಾಗಿತ್ತು. ಅಂದಿನಿಂದ ಪ್ರತಿ ವರ್ಷ ನೀವು "ಅಲ್ಲಿ ಐತಲ್ಲ" ಅಂದಾಗಲೆಲ್ಲ ಹೂಂ ಅನ್ನುತ್ತ ಬಂದೆ.

ಬಾವಿ ಕಡೆಯ ಬಳ್ಳಿಯಲ್ಲಿ ನಾಲ್ಕು ಕಾಯಿ ಉಳಿದಿವೆ. ಹಳೆಯ ಓಢಣಿ ಹರಿದು, ಪತಂಗ ಮುಟ್ಟದಂತೆ ನಾಲ್ಕಕ್ಕೂ ಚೀಲ ಕಟ್ಟಿದ್ದೇನೆ. ಕಟ್ಟುವ ಮೊದಲೇ ಹುಳ ಒಳಗೆ ಹೊಕ್ಕಿತ್ತೋ ಏನೋ, ಗೊತ್ತಿಲ್ಲ. ಬಿಚ್ಚಿ ನೋಡುವ ಧೈರ್ಯ ನನಗಿಲ್ಲ. ಕಣ್ಣಿನ ಪಟ್ಟಿ ಬಿಚ್ಚಿಸಿಕೊಂಡು ಬನ್ನಿ. ಇವನ್ನೂ ನೀವೇ ಬಿಚ್ಚಿ.