ಏಡಿ ಅಂದರೆ ಏಡಿಯೇ

ಹರಿಹರ
೨೫ ನವೆಂಬರ್ ೨೦೨೪

ನನ್ನ ಮುದ್ದಿನ ತಮ್ಮ ನೌಮಾನನಿಗೆ ಆಪಾಳ ಸಲಾಂ.

ಕಾಗದ ತಡವಾಯಿತು, ಬೇಸರ ಮಾಡಿಕೊಳ್ಳಬೇಡ. ನೀನಂತೂ ನನ್ನ ಫೋನ್ ಎತ್ತುವುದಿಲ್ಲ. ನಿನ್ನ ಹೆಂಡತಿ ತಸ್ಲೀಮಳ ಕೈಯಲ್ಲಿ ಕಾಗದವಾದರೂ ಕಳಿಸೋಣವೆಂದು ಕುಳಿತರೆ ಪ್ರತಿ ಸಲ ಅಳು ಬಂದು ಎದ್ದುಬಿಡುತ್ತಿದ್ದೆ. ಇವತ್ತು ಹಿತ್ತಲ ಒಲೆಯ ಪಕ್ಕ ಕುಳಿತಿದ್ದೇನೆ. ಕಣ್ಣೀರು ಬಂದರೆ ಹೊಗೆಯ ಮೇಲೆ ಹಾಕಬಹುದು.

ಏಡಿ ಹುರಿದೆ. ಹೊಳೆ ತಿಳಿಯಾಗಿದೆ, ಬಂಡೆ ಸಂದಿಯ ಸಣ್ಣ ಏಡಿಗಳು ಸಿಕ್ಕವು. ನೆನಪಿದೆಯಾ, ಅಬ್ಬಾನ ಅಮ್ಮ, ನಮ್ಮ ದಾದಿ, "ಅದು ಮಕ್ರೂ, ತಿನ್ನೋದು ಸರಿಯಲ್ಲ, ಒಳಗೆ ತರಬ್ಯಾಡ್ರಿ" ಅಂತ ಬಾಗಿಲಿಗೆ ಅಡ್ಡ ನಿಲ್ಲುತ್ತಿದ್ದರು. ಅದಕ್ಕೇ ಅಲ್ಲವಾ ಅಬ್ಬಾ ಹಿತ್ತಲಲ್ಲಿ ಈ ಒಲೆ ಹೂಡಿದ್ದು. ಬೆಳ್ಳುಳ್ಳಿ, ಹಸಿಮೆಣಸಿನಕಾಯಿ ಜಜ್ಜಿ ಎಣ್ಣೆಗೆ ಹಾಕಿದೆ. ಏಡಿ ಕೆಂಪಗಾದ ಮೇಲೆ ಕರಿಬೇವು, ಪುದೀನ, ಕೊನೆಗೆ ಕೈಯಲ್ಲೇ ಹರಿದ ದೊಡ್ಡಪತ್ರೆ. ಆ ಘಮ ಹೊಳೆಯ ಗಾಳಿಯ ಜೊತೆ ತೇಲುತ್ತಿದ್ದಂತೆ ಯಾವ ಕಾಲದಲ್ಲಿದ್ದೇನೆಂದೇ ಮರೆತುಹೋಯಿತು. ನೀನು ಕೊಂಡಿ ಚೀಪುತ್ತ ಕೂತಿದ್ದೀಯ, ಅಬ್ಬಾ ಒದ್ದೆ ಲುಂಗಿ ಹಿಂಡುತ್ತಿದ್ದಾರೆ ಅನ್ನಿಸಿತು. ಎರಡು ತಟ್ಟೆ ಹೆಚ್ಚಿಗೆ ಇಟ್ಟುಬಿಟ್ಟೆ.

ಹೋದ ವಾರ ತಸ್ಲೀಮ್ ಬಂದಿದ್ದಳು. ಅವಳ ಮೇಲೆ ಸಿಟ್ಟಾಗಬೇಡ, ಎಲ್ಲ ಹೇಳಿದಳು. "ಅಬ್ಬಾ ಹೊಳ್ಯಾಗೆ ಸುಳಿಗೆ ಸಿಕ್ಕಾಗ ಇವರ ಕಡೆ ನೋಡಿ 'ಏಡಿ' ಅಂತ ಕೂಗಿದ್ರಂತೆ ಆಪಾ. ಈಜು ಬರದೆ ದಡದಾಗೆ ನಿಂತೋನಿಗೆ ಇನ್ನೇನು ಅಂತಾರೆ ಅಂತಾರ್ರಿ. ಅದಕ್ಕೇ ಹರಿಹರಕ್ಕೆ ಕಾಲಿಡಲ್ಲ" ಅಂದಳು. ಅಬ್ಬಾ ತೀರಿಹೋದ ಈ ಮೂರು ವರ್ಷ ಇದನ್ನು ಎದೆಯಲ್ಲಿಟ್ಟುಕೊಂಡು ನಿಟ್ಟುವಳ್ಳಿಯಲ್ಲಿ ಅಡಗಿ ಕೂತೆಯಾ? ನನ್ನ ಮಗಳು ಆಮ್ನಾಳ ಮುಖವನ್ನೂ ನೀನಿನ್ನೂ ನೋಡಿಲ್ಲ.

ಹುಚ್ಚಪ್ಪ, ನಮ್ಮ ಓಣಿಯವರು ಹ ನುಂಗುತ್ತಾರೆ, ಹೇಡಿಗೂ ಏಡಿ ಅಂತಲೇ ಅನ್ನುತ್ತಾರೆ, ನಿಜ. ಆದರೆ ಅಬ್ಬಾ? ಹಾಲಿನ ಉಜ್ಜನಪ್ಪ "ಅಯಾತ್ ಸಾಬ್ರೇ, ಆಲು ತಗಳ್ರಿ" ಅಂತ ಕರೆದರೆ, "ಮೊದ್ಲು ನನ್ನ ಹೆಸರಿಗೆ ಹ ಹಚ್ಚಪ್ಪ, ಆಮ್ಯಾಲೆ ಹಾಲು ಹಾಕು" ಅನ್ನುತ್ತಿದ್ದರು. ಬಸ್ಸಿನಲ್ಲಿ ಕಂಡಕ್ಟರ್ "ಅರಿಹರ" ಅಂದರೂ ಬಿಡದೆ ತಿದ್ದುತ್ತಿದ್ದರು, ನೀನು ನಾಚಿ ಕಿಟಕಿ ಕಡೆ ತಿರುಗುತ್ತಿದ್ದೆ. ಅಂಥ ಹಯಾತ್ ಸಾಬರು ಬೈದಿದ್ದರೆ ಹ ಹಚ್ಚಿಯೇ ಬೈಯುತ್ತಿದ್ದರು. ಅವರ ಬಾಯಲ್ಲಿ ಏಡಿ ಅಂದರೆ ಏಡಿಯೇ. ಅವತ್ತು ಅವರು ಏಡಿ ತುಂಬಿದ್ದ ಬುಟ್ಟಿ ಆಮೇಲೆ ಕೆಳಗಿನ ಬಂಡೆಗೆ ಸಿಕ್ಕಿಕೊಂಡಿತ್ತಲ್ಲ, ತೇಲಿಹೋಗುತ್ತಿದ್ದ ಅದನ್ನು ಹಿಡಿ ಅಂತ ಕೂಗಿದ್ದಾರೆ.

ಬರುವ ಭಾನುವಾರ ಅಮಾವಾಸ್ಯೆ, ಏಡಿಯೊಳಗೆ ಮಾಂಸ ತುಂಬಿರುತ್ತದೆ. ತಸ್ಲೀಮಳನ್ನು ಕರೆದುಕೊಂಡು ಬಾ. ಅಲ್ಲಾಹ್ ನಿನ್ನ ಎದೆ ಹಗುರ ಮಾಡಲಿ.

ನಿನ್ನ ಆಪಾ,
ಹಜೀರಾಬೀ

ಇನ್ನೊಂದು ಮಾತು: ಹುರಿದೆನೇ ಹೊರತು ಒಂದನ್ನೂ ಬಾಯಿಗಿಡಲಾಗಲಿಲ್ಲ. ಆ ದಿನ ಆಮ್ನಾ ಹೊಟ್ಟೆಯಲ್ಲಿದ್ದಳು. ದೊಡ್ಡಪತ್ರೆ ಹಾಕಿ ಹುರಿದ ಏಡಿ ತಿನ್ನುವ ಬಯಕೆಯಾಗಿದೆ ಅಂತ ಅಬ್ಬಾನಿಗೆ ಹೇಳಿದ್ದು ನಾನು. ಆ ಬುಟ್ಟಿಯ ಏಡಿ ನನಗೆಂದು ಹಿಡಿದದ್ದು. ಆ ಕೂಗಿನ ಭಾರ ನಿನ್ನದಲ್ಲ ನೌಮಾನ್, ನನ್ನದು. ಬಂದು ನನಗೆ ಕೊಟ್ಟುಬಿಡು.